ಕೋರಂ ಇಲ್ಲದ ಮೂರು ವಾರ

2011ರ ಫೆಬ್ರವರಿ 17ರಂದು ಅಮೆರಿಕದ ವಿಸ್ಕಾನ್ಸಿನ್ ರಾಜ್ಯದ ಹದಿನಾಲ್ಕು ಸೆನೆಟರುಗಳು ರಾಜ್ಯ ಬಿಟ್ಟು ಓಡಿಹೋದರು. ಇದೇನೂ ಅಲಂಕಾರದ ಮಾತಲ್ಲ. ಕಾರು ಹತ್ತಿ, ದಕ್ಷಿಣದ ದಾರಿ ಹಿಡಿದು, ಇಲಿನಾಯ್ ಗಡಿ ದಾಟಿ, ರಾಕ್‌ಫರ್ಡ್ ಎಂಬ ಊರಿನ ಒಂದು ರೆಸಾರ್ಟಿಗೆ ಹೋಗಿ ಕೂತರು. ಅವರಲ್ಲಿ ಫ್ರೆಡ್ ರಿಸರ್ ಎಂಬ ಹಿರಿಯರಿಗೆ ಆಗ 83 ವರ್ಷ. ನಮ್ಮಲ್ಲಾದರೆ ಮೊಮ್ಮಕ್ಕಳ ಮದುವೆಗೆ ಕಾರಿನಲ್ಲಿ ಕರೆದುಕೊಂಡು ಹೋಗುವಾಗಲೂ ನಾಲ್ಕು ಸಲ ಯೋಚಿಸುವ ವಯಸ್ಸು. ಜೂಲಿ ಲಾಸಾ ಎಂಬ ಸೆನೆಟರ್ ಗರ್ಭಿಣಿ. ಇಷ್ಟು ಜನ ಒಟ್ಟಿಗೆ ನಾಪತ್ತೆಯಾದರೆ ರಾಜ್ಯದ ಪೊಲೀಸರು ಹುಡುಕಲೇಬೇಕಲ್ಲ, ಹುಡುಕಿದರು. ಆದರೆ ಗಡಿಯಾಚೆ ಅವರ ಕೈ ನಡೆಯುವುದಿಲ್ಲ.

ನಾನು ಆಗ ವಿಸ್ಕಾನ್ಸಿನ್ನಿನ ರಾಜಧಾನಿ ಮ್ಯಾಡಿಸನ್ನಿನಲ್ಲಿದ್ದೆ. ವಿಶ್ವವಿದ್ಯಾಲಯದಲ್ಲಿ ಮಣ್ಣಿನ ವಿಜ್ಞಾನದ ಪಿಎಚ್‌ಡಿ ಮಾಡುತ್ತ, ಖರ್ಚಿಗೆ ಅಲ್ಲೇ ಟೀಚಿಂಗ್ ಅಸಿಸ್ಟೆಂಟ್ ಕೆಲಸ. ಪದವಿಯ ಹುಡುಗರಿಗೆ ಪ್ರಯೋಗಾಲಯದಲ್ಲಿ ಜರಡಿ ಹಿಡಿಯುವುದು ಹೇಳಿಕೊಡುವುದು, ಪೇಪರು ತಿದ್ದುವುದು. ವಿಶ್ವವಿದ್ಯಾಲಯ ರಾಜ್ಯದ್ದು, ಹಾಗಾಗಿ ಸಂಬಳವೂ ರಾಜ್ಯದ್ದು. ಅರ್ಥಾತ್ ನಾನು ವಿಸ್ಕಾನ್ಸಿನ್ ಸರ್ಕಾರದ ಪುಟ್ಟ ನೌಕರಳು. ನಮ್ಮಂಥ ಟಿಎಗಳಿಗೆ ಒಂದು ಸಂಘವಿತ್ತು; ಅಮೆರಿಕದಲ್ಲೇ ಅತ್ಯಂತ ಹಳೆಯ ವಿದ್ಯಾರ್ಥಿ ನೌಕರರ ಸಂಘ ಅದು.

ಓಡಿಹೋದ ದಿನವೇ ರಾತ್ರಿ ಒಂಬತ್ತಕ್ಕೆ ತಿಪಟೂರಿಗೆ ಫೋನು ಮಾಡಿದೆ. ಅಲ್ಲಿ ಬೆಳಿಗ್ಗೆ ಎಂಟೂವರೆ, ಅಪ್ಪ ತಿಂಡಿ ಮುಗಿಸಿ ಪೇಪರು ಹಿಡಿದಿರುವ ಹೊತ್ತು. ಹೈಸ್ಕೂಲು ಮೇಷ್ಟರಾಗಿ ನಿವೃತ್ತರಾದವರು, ನೌಕರರ ಸಂಘ ಅಂದರೆ ಜೀವ.

"ರೆಸಾರ್ಟಾ?" ಅಂದರು. "ಅಲ್ಲೂ ಶುರುವಾಯ್ತಾ?"

ನಗು ಬಂತು. ನಾಲ್ಕು ತಿಂಗಳ ಹಿಂದೆ, 2010ರ ಅಕ್ಟೋಬರಿನಲ್ಲಿ, ಯಡಿಯೂರಪ್ಪನವರ ವಿರುದ್ಧ ತಿರುಗಿಬಿದ್ದ ಶಾಸಕರು ಊರೂರು ಸುತ್ತಿ, ಸ್ಪೀಕರ್ ಬೋಪಯ್ಯನವರು ಹದಿನಾರು ಜನರನ್ನು ಅನರ್ಹಗೊಳಿಸಿದ್ದನ್ನು ಅಪ್ಪ ದಿನಕ್ಕೆ ಮೂರು ಸಲ ಟಿವಿಯಲ್ಲಿ ನೋಡಿದ್ದರು. ರೆಸಾರ್ಟಿನ ರಾಜಕೀಯದಲ್ಲಿ ಅವರು ನನಗಿಂತ ಪಂಡಿತರು. "ಸರ್ಕಾರ ಬೀಳಿಸ್ತಾರಾ?"

"ಇಲ್ಲಪ್ಪ. ಸರ್ಕಾರ ಬೀಳಲ್ಲ. ಇಲ್ಲಿ ಗವರ್ನರನ್ನ ಜನವೇ ಆರಿಸೋದು, ನಾಲ್ಕು ವರ್ಷಕ್ಕೆ. ಸದನದಲ್ಲಿ ಎಷ್ಟು ಜನ ಎದ್ದುಹೋದ್ರೂ ಅವರು ಕುರ್ಚಿಲೇ ಇರ್ತಾರೆ. ಒಂದು ಮಸೂದೆ ತಡೀಬೇಕು ಅಂತ ಹೋಗಿದಾರೆ, ಅಷ್ಟೆ."

"ಒಂದು ಮಸೂದೆಗೆ ಹದಿನಾಲ್ಕು ಜನ ಊರು ಬಿಟ್ರಾ? ಏನಿದೆ ಅದರಲ್ಲಿ?"

ಅದರಲ್ಲಿ ಇದ್ದದ್ದು ಇಷ್ಟು. ಸ್ಕಾಟ್ ವಾಕರ್ ಆ ಜನವರಿಯಲ್ಲಷ್ಟೇ ಗವರ್ನರ್ ಆಗಿದ್ದರು. ರಿಪಬ್ಲಿಕನ್. ಹಿಂದಿನ ನವೆಂಬರಿನ ಒಂದೇ ಚುನಾವಣೆಯಲ್ಲಿ ಗವರ್ನರ್ ಸ್ಥಾನ, ಅಸೆಂಬ್ಲಿ, ಸೆನೆಟ್ ಮೂರೂ ಡೆಮಾಕ್ರಾಟರ ಕೈಯಿಂದ ರಿಪಬ್ಲಿಕನ್ನರ ಕೈಗೆ ಬಂದಿದ್ದವು. ಬೊಕ್ಕಸದಲ್ಲಿ ಮುಂದಿನ ಎರಡು ವರ್ಷಕ್ಕೆ 360 ಕೋಟಿ ಡಾಲರ್ ಕೊರತೆ ಎಂಬ ಅಂದಾಜಿತ್ತು. ಫೆಬ್ರವರಿ 11ರಂದು ವಾಕರ್ 'ಬಜೆಟ್ ದುರಸ್ತಿ ಮಸೂದೆ' ಹೊರಗೆ ತಂದರು. ಸರ್ಕಾರಿ ನೌಕರರು ಪಿಂಚಣಿಗೆ ಸಂಬಳದ ಸುಮಾರು ಶೇ 5.8 ಕಟ್ಟಬೇಕು, ಆರೋಗ್ಯವಿಮೆಯ ಕಂತಿನಲ್ಲಿ ಶೇ 12.6 ಹೊರಬೇಕು. ಇದು ಹಣದ ಮಾತು, ಇದಕ್ಕೆ ಸಂಘಗಳು ಒಂದು ವಾರದೊಳಗೇ ಒಪ್ಪಿಕೊಂಡವು. ಕಿಚ್ಚು ಹೊತ್ತಿಸಿದ್ದು ಮಿಕ್ಕ ಭಾಗ. ಇನ್ನು ಮೇಲೆ ಸಂಘದವರು ಸರ್ಕಾರದೊಂದಿಗೆ ಕೂತು ಮೂಲ ಸಂಬಳದ ಬಗ್ಗೆ ಮಾತ್ರ ಮಾತಾಡಬಹುದು. ಆ ಏರಿಕೆಯೂ ಬೆಲೆಯೇರಿಕೆಯನ್ನು ಮೀರಬೇಕಾದರೆ ಜನಮತ ಬೇಕು. ಕೆಲಸದ ವೇಳೆ, ತರಗತಿಯಲ್ಲಿ ಎಷ್ಟು ಮಕ್ಕಳು, ಪಾಳಿ, ಸುರಕ್ಷತೆ, ಯಾವುದನ್ನೂ ಎತ್ತುವಂತಿಲ್ಲ. ಸಂಘದ ಚಂದಾ ಸಂಬಳದಲ್ಲಿ ಹಿಡಿಯುವಂತಿಲ್ಲ. ಪ್ರತಿ ವರ್ಷ ಸಂಘ ಮರುಮತದಾನಕ್ಕೆ ನಿಲ್ಲಬೇಕು, ಅದರಲ್ಲೂ ಬಂದು ಮತ ಹಾಕಿದವರ ಬಹುಮತ ಸಾಲದು, ಆ ಘಟಕದ ಎಲ್ಲ ನೌಕರರ ಪೈಕಿ ಶೇ 51 ಬೇಕು. ಈ ಲೆಕ್ಕದಲ್ಲಿ ನಿಲ್ಲಿಸಿದರೆ ಆ ಸದನದಲ್ಲಿದ್ದ ಎಷ್ಟು ಶಾಸಕರು ಗೆಲ್ಲುತ್ತಿದ್ದರೋ!

ಪೊಲೀಸರಿಗೂ ಅಗ್ನಿಶಾಮಕ ದಳದವರಿಗೂ ಮಾತ್ರ ವಿನಾಯಿತಿ.

"ಪೊಲೀಸರನ್ನ ಯಾಕೆ ಬಿಟ್ರು?" ಅಪ್ಪ ತಟ್ಟನೆ ಕೇಳಿದರು. ಅವರು ಮುಷ್ಕರ ಹೂಡಿದರೆ ಜನರ ಪ್ರಾಣಕ್ಕೆ ಅಪಾಯ ಅಂತ ಗವರ್ನರ್ ಹೇಳ್ತಾರೆ ಅಂದೆ. "ಚುನಾವಣೇಲಿ ಯಾರ ಕಡೆ ಇದ್ರು ಅವರು?" ಮಿಲ್‌ವಾಕಿಯ ಪೊಲೀಸ್ ಸಂಘವೂ ಅಗ್ನಿಶಾಮಕರ ಸಂಘವೂ ವಾಕರ್‌ರನ್ನೇ ಬೆಂಬಲಿಸಿದ್ದವು. ಹೇಳಿದೆ. "ಹ್ಞೂಂ" ಅಂದರು, ಸಂಘದ ಸಭೆಗಳಲ್ಲಿ ಕಾರ್ಯದರ್ಶಿ ಲೆಕ್ಕಪತ್ರ ಓದುವಾಗ ಅನ್ನುತ್ತಿದ್ದ ಹಾಗೆ.

ಊರಿನ ನಕ್ಷೆ ಹೇಳದಿದ್ದರೆ ಮುಂದಿನದು ಅರ್ಥವಾಗುವುದಿಲ್ಲ. ಮ್ಯಾಡಿಸನ್ನಿನಲ್ಲಿ ಎರಡು ಕೆರೆಗಳು, ಕೆರೆ ಅಂದರೆ ನಮ್ಮ ಕೆರೆಗಳ ಹತ್ತರಷ್ಟು, ಮೆಂಡೋಟಾ ಮತ್ತು ಮೊನೋನಾ. ನಡುವೆ ಒಂದು ಕಿರಿದಾದ ನೆಲ. ಅದರ ದಿಬ್ಬದ ಮೇಲೆ ಬಿಳಿ ಗ್ರಾನೈಟಿನ ದೊಡ್ಡ ಗುಮ್ಮಟದ ಕ್ಯಾಪಿಟಲ್. ಗವರ್ನರ್ ಕಚೇರಿ, ಎರಡೂ ಸದನ, ರಾಜ್ಯದ ಸುಪ್ರೀಂ ಕೋರ್ಟು ಎಲ್ಲ ಒಂದೇ ಕಟ್ಟಡದಲ್ಲಿ. ಅಲ್ಲಿಂದ ಸ್ಟೇಟ್ ಸ್ಟ್ರೀಟ್ ಹಿಡಿದು ಇಳಿದರೆ ಮುಕ್ಕಾಲು ಮೈಲಿಯಲ್ಲಿ ವಿಶ್ವವಿದ್ಯಾಲಯ. ನನ್ನ ಸಂಬಳ ಯಾರು ತೀರ್ಮಾನಿಸುತ್ತಾರೋ ಅವರ ಮೇಜಿನ ಹತ್ತಿರಕ್ಕೆ, ಬೂಟು ಹಾಕಿಕೊಂಡು, ಹಿಮದಲ್ಲಿ ಜಾರದೆ ನಡೆದರೆ ಇಪ್ಪತ್ತು ನಿಮಿಷ.

ಸೆನೆಟರುಗಳು ಓಡಿಹೋಗುವ ಮೂರು ದಿನ ಮೊದಲು, ಫೆಬ್ರವರಿ 14ರಂದು, ನಮ್ಮ ಸಂಘದವರು ಪ್ರೇಮಿಗಳ ದಿನದ ಕಾರ್ಡುಗಳನ್ನು ಗವರ್ನರಿಗೆ ತಲುಪಿಸಲು ಮೆರವಣಿಗೆ ಹೋದರು. ವಿಶ್ವವಿದ್ಯಾಲಯದ ಹೃದಯ ಒಡೆಯಬೇಡಿ ಎಂಬ ತಮಾಷೆ. ವೀಸಾದ ಮೇಲಿದ್ದ ನಮ್ಮಂಥವರು ಹಿಂದೆ ಹಿಂದೆ. ಮಾರನೆಯ ದಿನದಿಂದ ತಮಾಷೆ ನಿಂತಿತು. ಜಂಟಿ ಹಣಕಾಸು ಸಮಿತಿ ಮಸೂದೆಯ ಮೇಲೆ ಸಾರ್ವಜನಿಕ ಅಹವಾಲು ಕೇಳಲು ಕೂತಿತು. ಹೆಸರು ಬರೆದುಕೊಟ್ಟ ಯಾರಿಗಾದರೂ ಎರಡು ನಿಮಿಷ. ಕೇಳುವವರು ಕೂತಿರುವ ತನಕ ಕಟ್ಟಡದ ಬಾಗಿಲು ತೆರೆದಿರಬೇಕು. ಈ ಸೂಕ್ಷ್ಮ ಯಾರಿಗೆ ಮೊದಲು ಹೊಳೆಯಿತೋ! ಚೀಟಿ ಬರೆಯುವವರ ಸಾಲು ಮುಗಿಯಲೇ ಇಲ್ಲ. ಹದಿನೇಳು ಗಂಟೆ ಅಹವಾಲು ನಡೆಯಿತು. ರಿಪಬ್ಲಿಕನ್ ಸದಸ್ಯರು ಸಾಕೆಂದು ಎದ್ದಮೇಲೂ ಡೆಮಾಕ್ರಾಟ್ ಸದಸ್ಯರು ಕೂತು ಕೇಳುತ್ತಲೇ ಇದ್ದರು. ಜನ ಮಲಗುವ ಚೀಲ ತಂದು ಅಮೃತಶಿಲೆಯ ಮೇಲೆ ಹಾಸಿ, ತಮ್ಮ ಸರದಿ ಬಂದಾಗ ಎಬ್ಬಿಸಿ ಎಂದು ಮಲಗಿದರು.

ಆ ರಾತ್ರಿ ಕೇಳಿದ ಒಬ್ಬನ ಮಾತು ನೆನಪಿದೆ. ಕೌಂಟಿಯ ರಸ್ತೆಗಳಲ್ಲಿ ಹಿಮ ತಳ್ಳುವ ಲಾರಿ ಓಡಿಸುವವನು. ಭಾಷಣ ಮಾಡಲಿಲ್ಲ. ಬೆಳಗಿನ ಜಾವ ಮೂರಕ್ಕೆ ಕರೆ ಬಂದರೆ ಎಷ್ಟು ಗಂಟೆ ಸತತ ಓಡಿಸಬಹುದು, ಎಷ್ಟರ ನಂತರ ಕಣ್ಣು ಕೂರುತ್ತದೆ, ಆ ಮಿತಿಯನ್ನು ತಮ್ಮ ಸಂಘ ಯಾವಾಗ ಮಾತಾಡಿ ಬರೆಸಿತು, ಇಷ್ಟೇ ಹೇಳಿದ. "ಇದರಿಂದ ಬಜೆಟ್ಟಿಗೆ ಎಷ್ಟು ಉಳಿಯುತ್ತದೆ ಅಂತ ನನಗೆ ಹೇಳಿದರೆ ಮನೆಗೆ ಹೋಗುತ್ತೇನೆ" ಅಂದ. ಎರಡು ನಿಮಿಷ ಮುಗಿಯಿತು.

ಮಾರನೆಯ ದಿನ ಮೇಷ್ಟರುಗಳೆಲ್ಲ ಹುಷಾರಿಲ್ಲವೆಂದು ಫೋನು ಮಾಡಿದ್ದರಿಂದ ಮ್ಯಾಡಿಸನ್ನಿನ ಶಾಲೆಗಳು ಮುಚ್ಚಿದವು. ಮಸೂದೆಯಲ್ಲಿ ವಿನಾಯಿತಿ ಪಡೆದಿದ್ದ ಅಗ್ನಿಶಾಮಕರು ಶಿರಸ್ತ್ರಾಣ, ದಪ್ಪ ಕೋಟಿನ ಸಮೇತ ಬ್ಯಾಗ್‌ಪೈಪ್ ಊದುತ್ತ ಗುಮ್ಮಟದೊಳಗೆ ನಡೆದುಬಂದರು. ಆ ಗುಮ್ಮಟದಲ್ಲಿ ಒಬ್ಬ ಚಪ್ಪಾಳೆ ತಟ್ಟಿದರೆ ಹತ್ತು ಜನ ತಟ್ಟಿದಂತೆ ಕೇಳುತ್ತದೆ. ಸಾವಿರಾರು ಜನ ಕೂಗುವಲ್ಲಿ ಬ್ಯಾಗ್‌ಪೈಪ್ ಹೊಕ್ಕರೆ ಏನಾಗಿರಬೇಡ! ಒದ್ದೆ ಉಣ್ಣೆಯ ವಾಸನೆ, ಪಿಜ್ಜಾದ ವಾಸನೆ, ಡೋಲು. ಸ್ಟೇಟ್ ಸ್ಟ್ರೀಟಿನ ಇಯಾನ್ಸ್ ಎಂಬ ಪಿಜ್ಜಾ ಅಂಗಡಿಗೆ ಬೇರೆ ರಾಜ್ಯಗಳಿಂದ, ಆಮೇಲೆ ಬೇರೆ ದೇಶಗಳಿಂದಲೂ ಫೋನು ಮಾಡಿ ಅಲ್ಲಿರುವವರಿಗೆ ಕೊಡಿ ಎಂದು ಜನ ದುಡ್ಡು ಕಟ್ಟಿದರು. ಈಜಿಪ್ಟಿನಿಂದಲೂ ಕರೆ ಬಂತು. ಗೋಡೆಯ ತುಂಬ ಭಿತ್ತಿಚಿತ್ರ, ಎಲ್ಲ ಬಣ್ಣ ಹೊಡೆಯುವವರ ನೀಲಿ ಟೇಪಿನಲ್ಲಿ. ಅಂಟು ಕಲ್ಲಿಗೆ ಹತ್ತಬಾರದು ಅಂತ. ಕ್ರಾಂತಿಯ ನಡುವೆಯೂ ಟೇಪಿನ ಬಗ್ಗೆ ಯೋಚಿಸುವ ಜನ. ಅವರ ಮೇಲೆ ನನಗೆ ಅಭಿಮಾನ ಬಂದದ್ದು ಅಲ್ಲಿ.

ಎಲ್ಲರೂ ಒಂದೇ ಕಡೆ ಇದ್ದರು ಅಂದುಕೊಳ್ಳಬೇಡಿ. ನಮ್ಮ ಲ್ಯಾಬಿನಲ್ಲಿ ಪಕ್ಕದ ಮೇಜಿನ ಹುಡುಗ ಮಿಲ್‌ವಾಕಿ ಕಡೆಯವನು. ಅವನ ತಾಯಿ ಖಾಸಗಿ ಕಾರ್ಖಾನೆಯಲ್ಲಿ ದುಡಿದು, ಪಿಂಚಣಿಯಿಲ್ಲದೆ, ವಿಮೆಯ ಬಹುಪಾಲನ್ನು ತಾನೇ ಕಟ್ಟುವವಳು. "ನಮ್ಮಮ್ಮನ ತೆರಿಗೆಯಲ್ಲಿ ಇವರ ಪಿಂಚಣಿ" ಅನ್ನುತ್ತಿದ್ದ. ಚುನಾವಣೆಯಲ್ಲಿ ಗೆದ್ದವರು ಕಾನೂನು ಮಾಡಬಾರದು ಅಂದರೆ ಚುನಾವಣೆ ಯಾಕೆ ಎಂದೂ ಕೇಳಿದ. ಆ ಪ್ರಶ್ನೆಯನ್ನು ತಳ್ಳಿಹಾಕಲು ಬರುವುದಿಲ್ಲ. ಓಡಿಹೋಗುವುದು ಕೊನೆಯ ಅಸ್ತ್ರ, ಅದನ್ನು ಎಲ್ಲರೂ ಎಲ್ಲದಕ್ಕೂ ಎತ್ತಿದರೆ ಯಾವ ಸದನವೂ ನಡೆಯುವುದಿಲ್ಲ. ಆದರೆ ಹದಿನೇಳು ಗಂಟೆ ಅಹವಾಲು ಕೇಳಿ, ಮಸೂದೆಯ ತಿರುಳಿನ ಒಂದು ಸಾಲನ್ನೂ ಬದಲಿಸದೆ ಎದ್ದುಹೋದವರ ಎದುರು ಆ ಹದಿನಾಲ್ವರಿಗೆ ಬೇರೆ ದಾರಿ ಏನಿತ್ತು ಎಂದು ನನಗೆ ಇವತ್ತಿಗೂ ತೋಚುವುದಿಲ್ಲ.

ಸೆನೆಟಿನಲ್ಲಿ ಒಟ್ಟು 33 ಜನ. ರಿಪಬ್ಲಿಕನ್ನರು 19, ಡೆಮಾಕ್ರಾಟರು 14. ಮತಕ್ಕೆ ಹಾಕಿದರೆ ಸೋಲು ಖಚಿತ. ಆದರೆ ಹಣದ ಮಸೂದೆಗೆ ಐದರಲ್ಲಿ ಮೂರು ಭಾಗ ಸದಸ್ಯರು ಸದನದಲ್ಲಿರಬೇಕು ಎಂದು ರಾಜ್ಯದ ಸಂವಿಧಾನವೇ ಹೇಳುತ್ತದೆ. ಅಂದರೆ ಕೋರಂ 20. ಆಳುವ ಪಕ್ಷಕ್ಕೆ ಒಂದು ತಲೆ ಕಡಿಮೆ. ಹದಿನಾಲ್ವರಲ್ಲಿ ಒಬ್ಬ ಸಿಕ್ಕಿಬಿದ್ದರೂ ಮುಗಿಯಿತು, ಅದಕ್ಕೇ ಹದಿನಾಲ್ವರೂ ಹೋದದ್ದು. ಇದೇನು ಹೊಸ ಉಪಾಯವಲ್ಲ. 1840ರಲ್ಲಿ, ಅದೇ ಇಲಿನಾಯ್‌ನಲ್ಲಿ, ಅಬ್ರಹಾಂ ಲಿಂಕನ್ ಎಂಬ ಶಾಸಕರು ಕೋರಂ ಮುರಿಯಲು ಕಿಟಕಿಯಿಂದ ಹಾರಿದ್ದರು. ಹಾರುವ ಹೊತ್ತಿಗೆ ಕೋರಂ ಲೆಕ್ಕ ಹಿಡಿದಾಗಿತ್ತಂತೆ, ಪಾಪ. ನಮ್ಮ ಹದಿನಾಲ್ವರು ಹೋದ ಮುಂದಿನ ವಾರ ಇಂಡಿಯಾನಾ ರಾಜ್ಯದ ಡೆಮಾಕ್ರಾಟ್ ಶಾಸಕರೂ ಓಡಿ ಇಲಿನಾಯ್‌ಗೇ ಬಂದರು. ಆ ತಿಂಗಳು ಇಲಿನಾಯ್ ಹೋಟೆಲಿನವರಿಗೆ ಸುಗ್ಗಿ.

ಅಪ್ಪನ ಪ್ರಶ್ನೆಗಳು ಪ್ರತಿ ರಾತ್ರಿ ಹರಿತವಾಗುತ್ತಿದ್ದವು. "ಸ್ಪೀಕರ್ ಸುಮ್ಮನಿದಾರಾ? ಅನರ್ಹ ಮಾಡಲ್ವಾ?" ಇಲ್ಲಿ ಪಕ್ಷಾಂತರ ನಿಷೇಧ ಕಾಯ್ದೆಯೇ ಇಲ್ಲಪ್ಪ, ಸಂಬಳದ ಚೆಕ್ಕನ್ನು ಸದನಕ್ಕೆ ಬಂದು ಖುದ್ದಾಗಿ ತಗೊಳ್ಳಿ ಅಂತ ನಿಯಮ ಮಾಡಿದಾರೆ, ದಿನಕ್ಕೆ ನೂರು ಡಾಲರ್ ದಂಡವಂತೆ. "ಒಬಾಮಾ ಅವರ ಪಕ್ಷದೋರೇ ಅಲ್ವಾ? ರಾಷ್ಟ್ರಪತಿ ಆಳ್ವಿಕೆ ಹೇರಿಬಿಡಬಹುದಲ್ಲ?" ಅದಂತೂ ಕನಸಿನಲ್ಲೂ ಆಗದು. ಒಬಾಮಾ ಇದನ್ನು ಸಂಘಗಳ ಮೇಲಿನ ದಾಳಿ ಎಂದು ಟಿವಿಯಲ್ಲಿ ಹೇಳಿದರು, ಅಲ್ಲಿಗೆ ಮುಗಿಯಿತು. ವಿಸ್ಕಾನ್ಸಿನ್ ತನ್ನ ನೌಕರರನ್ನು ಹೇಗೆ ನಡೆಸಿಕೊಳ್ಳಬೇಕು ಎಂಬುದರಲ್ಲಿ ಅಮೆರಿಕದ ಅಧ್ಯಕ್ಷರಿಗೆ ನನಗಿದ್ದಷ್ಟೇ ಅಧಿಕಾರ. ಸರ್ಕಾರಿ ನೌಕರರಿಗೆ ಈ ಮಾತುಕತೆಯ ಹಕ್ಕನ್ನು ದೇಶದಲ್ಲೇ ಮೊದಲು ಕೊಟ್ಟದ್ದೂ ಇದೇ ರಾಜ್ಯ, 1959ರಲ್ಲಿ. ಕೊಟ್ಟಾಗಲೂ ವಾಷಿಂಗ್ಟನ್ನಿನ ಅಪ್ಪಣೆ ಕೇಳಿರಲಿಲ್ಲ, ಕಿತ್ತುಕೊಳ್ಳುವಾಗ ಯಾಕೆ ಕೇಳುತ್ತಾರೆ?

ಇನ್ನೊಂದು ವಿಷಯ ಕೇಳಿ ಅಪ್ಪ ಫೋನಿನಲ್ಲೇ ಚಪ್ಪಾಳೆ ತಟ್ಟಿದರು. ಸೆನೆಟಿನ ಬಹುಮತದ ನಾಯಕ ಸ್ಕಾಟ್ ಫಿಟ್ಜೆರಾಲ್ಡ್. ಅಸೆಂಬ್ಲಿಯ ಸ್ಪೀಕರ್ ಜೆಫ್ ಫಿಟ್ಜೆರಾಲ್ಡ್, ಅವರ ತಮ್ಮ. ಓಡಿಹೋದವರ ಮನೆ ಬಾಗಿಲು ತಟ್ಟಲು ಹೋದ ಸ್ಟೇಟ್ ಪಟ್ರೋಲಿನ ಹೊಸ ಮುಖ್ಯಸ್ಥ ಸ್ಟೀಫನ್ ಫಿಟ್ಜೆರಾಲ್ಡ್, ಇಬ್ಬರ ತಂದೆ. ಆ ತಿಂಗಳೇ ವಾಕರ್ ನೇಮಿಸಿದ್ದು. "ಹಾಸನದಿಂದ ಹೋಗಿ ಕಲಿಸಿಬಂದಿರಬೇಕು" ಅಂದರು ಅಪ್ಪ.

ಅಸೆಂಬ್ಲಿಯಲ್ಲಿ ಡೆಮಾಕ್ರಾಟರು ಓಡಿಹೋಗಿರಲಿಲ್ಲ, ಮಾತಾಡಿ ಮಾತಾಡಿ ತಡೆಯಲು ನೋಡಿದರು. ಅರವತ್ತು ಗಂಟೆ ದಾಟಿತು ಚರ್ಚೆ. ಕಿತ್ತಳೆ ಬಣ್ಣದ ಟೀಶರ್ಟು ಹಾಕಿಕೊಂಡು, ಕಣ್ಣು ಕೆಂಪಾಗಿ, ತಿದ್ದುಪಡಿಯ ಮೇಲೆ ತಿದ್ದುಪಡಿ. ಮತ ಬೀಳುವುದನ್ನು ನಾವು ಕೆಲವರು ಟಿವಿಯಲ್ಲಿ ನೋಡುತ್ತಿದ್ದೆವು. ಫೆಬ್ರವರಿ 25, ರಾತ್ರಿ ಒಂದು ಗಂಟೆ. ಮತಕ್ಕೆ ಹಾಕಿದ್ದೇ ಗೊತ್ತಾಗುವ ಮೊದಲು ಫಲಕದ ದೀಪ ಹತ್ತಿ, ಕೆಲವೇ ಸೆಕೆಂಡಿನಲ್ಲಿ ಮುಚ್ಚಿತು. ಪರ 51, ವಿರುದ್ಧ 17. ವಿರೋಧ ಪಕ್ಷದ ಬಹಳ ಮಂದಿಗೆ ಗುಂಡಿ ಒತ್ತಲೂ ಆಗಲಿಲ್ಲ. ಆ ಸದನಕ್ಕೆ 1917ರಲ್ಲೇ ವಿದ್ಯುತ್ ಮತಯಂತ್ರ ಬಂದಿತ್ತು, ಪ್ರಪಂಚದ ಶಾಸನಸಭೆಗಳಲ್ಲೇ ಮೊದಲು. ಬೇಗ ಎಣಿಸಲೆಂದು ತಂದದ್ದು ಇಷ್ಟು ಬೇಗ ಎಣಿಸೀತೆಂದು ತಂದವರೂ ಎಣಿಸಿರಲಾರರು. ರಿಪಬ್ಲಿಕನ್ ಸದಸ್ಯರು ಸಾಲಾಗಿ ಹೊರನಡೆದರು, ಕಿತ್ತಳೆ ಅಂಗಿಯವರು "ನಾಚಿಕೆ! ನಾಚಿಕೆ!" ಎಂದು ಕೂಗುತ್ತಿದ್ದರು.

ಸೆನೆಟ್ ಮಾತ್ರ ಅಲ್ಲಾಡಲಿಲ್ಲ. ದಿನ ಕಳೆದಂತೆ ಗುಮ್ಮಟದ ಕೆಳಗಿನ ಜನ ಕರಗಿದರು, ಮಾರ್ಚ್ ಮೊದಲ ವಾರ ನ್ಯಾಯಾಲಯದ ಆದೇಶದಂತೆ ಉಳಿದವರೂ ಚೀಲ ಸುತ್ತಿಕೊಂಡು ಎದ್ದರು. ಮಾರ್ಚ್ 9ರ ಸಂಜೆ ಲ್ಯಾಬಿನಲ್ಲಿದ್ದೆ. ಫೋನುಗಳು ಒಟ್ಟಿಗೆ ಗುನುಗುಟ್ಟಿದವು. ಕೋರಂ ಕೇಳುವುದು ಹಣದ ಮಸೂದೆಗೆ ತಾನೆ? ಹಾಗಾದರೆ ಹಣದ ಭಾಗವನ್ನು ಕಿತ್ತು ಉಳಿದದ್ದನ್ನು ಪಾಸು ಮಾಡಿದರೆ? ಮೂರು ವಾರ ಬಜೆಟ್ಟಿಗಾಗಿ ಎಂದು ಹೇಳುತ್ತ ಬಂದ ಮಸೂದೆಯಿಂದ ಬಜೆಟ್ಟನ್ನೇ ತೆಗೆದು ಹೊರಗಿಟ್ಟರು. ಎರಡು ಗಂಟೆಯ ಮುನ್ಸೂಚನೆಯೂ ಇಲ್ಲದೆ ಜಂಟಿ ಸಮಿತಿ ಕರೆದರು. ಅಸೆಂಬ್ಲಿಯ ವಿರೋಧ ಪಕ್ಷದ ನಾಯಕ ಪೀಟರ್ ಬಾರ್ಕಾ ಸಭೆಗಳು ಬಹಿರಂಗವಾಗಿರಬೇಕೆಂಬ ಕಾನೂನನ್ನು ಗಟ್ಟಿಯಾಗಿ ಓದುತ್ತಲೇ ಇದ್ದರು. ಅವರು ಓದುತ್ತಿರುವಂತೆಯೇ ಸದಸ್ಯರ ಹೆಸರು ಕೂಗಿ ಮತ ಎಣಿಸಿ ಮುಗಿಸಿದರು. ಕೆಲವೇ ನಿಮಿಷದಲ್ಲಿ ಸೆನೆಟಿನಲ್ಲಿ 18ಕ್ಕೆ 1ರಂತೆ ಪಾಸು. ಮರುದಿನ ಅಸೆಂಬ್ಲಿ, ಅದರ ಮರುದಿನ ಗವರ್ನರ್ ಸಹಿ. ಆ್ಯಕ್ಟ್ 10 ಎಂದು ಅದರ ಹೆಸರು.

"ಆ ಒಂದು ಯಾರದು?" ಅಪ್ಪ ಬಿಡಲಿಲ್ಲ. ಡೇಲ್ ಶುಲ್ಟ್ಜ್, ಆಳುವ ಪಕ್ಷದವರೇ. "ವಿಪ್ ಉಲ್ಲಂಘನೆ ಅಲ್ವಾ?" ಸೀಟಿಗೇನೂ ಆಗಲಿಲ್ಲಪ್ಪ, ಸೆನೆಟರ್ ಆಗೇ ಇದಾರೆ. ಅತ್ತ ಕಡೆ ಸ್ವಲ್ಪ ಹೊತ್ತು ಮೌನ. "ಅದೊಂದು ನಮ್ಮಲ್ಲಿಲ್ಲ ನೋಡು" ಅಂದರು.

12ರಂದು ಹದಿನಾಲ್ವರು ವಾಪಸಾದರು. ರೈತರು ಟ್ರ್ಯಾಕ್ಟರುಗಳಲ್ಲಿ ಕ್ಯಾಪಿಟಲ್ ಸುತ್ತು ಬಂದರು. ಸೋತು ಬಂದವರಿಗೆ ಅಷ್ಟು ದೊಡ್ಡ ಸ್ವಾಗತ ನಾನು ಬೇರೆಲ್ಲೂ ನೋಡಿಲ್ಲ.

ಆಮೇಲಿನದ್ದು ಬೇಗ ಹೇಳುತ್ತೇನೆ. ಬಹಿರಂಗ ಸಭೆಯ ಕಾನೂನು ಮುರಿದಿದೆ ಎಂದು ಕೌಂಟಿ ನ್ಯಾಯಾಧೀಶೆ ತಡೆ ಕೊಟ್ಟರು, ಜೂನಿನಲ್ಲಿ ರಾಜ್ಯದ ಸುಪ್ರೀಂ ಕೋರ್ಟು 4–3ರಲ್ಲಿ ತೆರವುಗೊಳಿಸಿತು. ಬೇಸಿಗೆಯಲ್ಲಿ ಎರಡೂ ಪಕ್ಷದ ಸೆನೆಟರುಗಳ ಮೇಲೆ ಮರುಕರೆ ಚುನಾವಣೆ, ಅಂದರೆ ಅವಧಿ ಮುಗಿಯುವ ಮೊದಲೇ ಇಳಿಸಲು ನಡೆಸುವ ಮತದಾನ. ಓಡಿಹೋದವರಲ್ಲಿ ಮೂವರ ಮೇಲೆ ತಂದರು, ಮೂವರೂ ಗೆದ್ದರು. ಉಳಿದುಕೊಂಡವರಲ್ಲಿ ಇಬ್ಬರು ಸೋತರು. 2012ರ ಜೂನಿನಲ್ಲಿ ವಾಕರ್ ಮೇಲೂ ಮರುಕರೆ ಬಂತು, ಮೊದಲಿಗಿಂತ ಹೆಚ್ಚು ಅಂತರದಲ್ಲಿ ಗೆದ್ದರು. ಒಹಾಯೋ ರಾಜ್ಯದಲ್ಲಿ ಅದೇ ವರ್ಷ ಹೆಚ್ಚುಕಡಿಮೆ ಇಂಥದೇ ಕಾನೂನು ಬಂದಿತ್ತು. ಅಲ್ಲಿ ಶಾಸನಸಭೆಯ ಕಾನೂನನ್ನು ಜನರೇ ಮತಕ್ಕೆ ಹಾಕಿ ರದ್ದುಮಾಡುವ ದಾರಿಯಿದೆ, ಶೇ 61ಕ್ಕೂ ಹೆಚ್ಚು ಜನ ಬೇಡವೆಂದು ನವೆಂಬರಿನಲ್ಲಿ ಅದನ್ನು ಹೂತುಹಾಕಿದರು. ವಿಸ್ಕಾನ್ಸಿನ್ನಿಗರಿಗೆ ಆ ದಾರಿ ಇಲ್ಲ. ಅವರು ಮನುಷ್ಯರನ್ನು ಇಳಿಸಬಹುದು, ಕಾನೂನನ್ನಲ್ಲ. ನಮ್ಮ ಟಿಎ ಸಂಘ ಆ ವಾರ್ಷಿಕ ಮರುಮತದಾನದ ಗೋಜಿಗೇ ಹೋಗುವುದಿಲ್ಲವೆಂದು ತೀರ್ಮಾನಿಸಿತು.

ಆದರೆ ಆ ವರ್ಷದ ದೊಡ್ಡ ಕೆಲಸ ನಡೆದದ್ದು ಡೋಲು ನಿಂತ ಮೇಲೆ. ಹತ್ತು ವರ್ಷಕ್ಕೊಮ್ಮೆ ಜನಗಣತಿಯಾದಮೇಲೆ ಕ್ಷೇತ್ರಗಳ ಗಡಿ ಹೊಸದಾಗಿ ಬರೆಯಬೇಕು. ನಮ್ಮಲ್ಲಾದರೆ ಅದಕ್ಕೊಂದು ಆಯೋಗ. ಅಲ್ಲಿ ಬಹುತೇಕ ರಾಜ್ಯಗಳಲ್ಲಿ ಶಾಸಕರೇ ಬರೆದುಕೊಳ್ಳುತ್ತಾರೆ, ತಮ್ಮ ಕ್ಷೇತ್ರವನ್ನೂ, ವಾಷಿಂಗ್ಟನ್ನಿಗೆ ಹೋಗುವವರ ಕ್ಷೇತ್ರವನ್ನೂ. ವಾಕರ್ ಆಗಸ್ಟಿನಲ್ಲಿ ಸಹಿ ಹಾಕಿದ ನಕ್ಷೆಯನ್ನು ಕ್ಯಾಪಿಟಲ್ಲಿನ ಎದುರಿನ ವಕೀಲರ ಕಚೇರಿಯೊಂದರಲ್ಲಿ ಕದ ಹಾಕಿಕೊಂಡು ತಯಾರಿಸಿದ್ದರು. ಅದಕ್ಕೆ ಒಬ್ಬರೂ ಹಿಮದಲ್ಲಿ ನಿಲ್ಲಲಿಲ್ಲ, ಪಿಜ್ಜಾ ಬರಲಿಲ್ಲ. 2012ರಲ್ಲಿ ರಾಜ್ಯದಾದ್ಯಂತ ಅಸೆಂಬ್ಲಿಗೆ ಡೆಮಾಕ್ರಾಟರಿಗೆ ಹೆಚ್ಚು ಮತ ಬಿತ್ತು, 99ರಲ್ಲಿ 60 ಸೀಟು ರಿಪಬ್ಲಿಕನ್ನರಿಗೆ ಸಿಕ್ಕಿತು. ಆ ಬಗೆಯ ಗೆರೆಗಳು ಅಳಿಸಲು 2023ರ ಕೊನೆಯವರೆಗೆ, ರಾಜ್ಯದ ಸುಪ್ರೀಂ ಕೋರ್ಟಿನ ಬಹುಮತ ಬದಲಾಗುವವರೆಗೆ, ಕಾಯಬೇಕಾಯಿತು. ವಾಷಿಂಗ್ಟನ್ನಿನ ಕಾಂಗ್ರೆಸ್ಸಿನಲ್ಲಿ 535 ಜನ, ಐವತ್ತು ರಾಜ್ಯಗಳ ಶಾಸನಸಭೆಗಳಲ್ಲಿ 7,300ಕ್ಕೂ ಹೆಚ್ಚು. ಟಿವಿ ನೋಡುವುದು ಆ 535ರನ್ನು.

2024ರ ಡಿಸೆಂಬರಿನಲ್ಲಿ ಒಂದು ಸುದ್ದಿ ಓದಿ ತಿಪಟೂರಿಗೆ ಫೋನು ಮಾಡಿದೆ. ಡೇನ್ ಕೌಂಟಿಯ ನ್ಯಾಯಾಧೀಶರೊಬ್ಬರು ಆ್ಯಕ್ಟ್ 10ರ ಬಹುಭಾಗ ಸಂವಿಧಾನಕ್ಕೆ ವಿರುದ್ಧ ಎಂದಿದ್ದರು. ಕಾರಣ? ಕೆಲವು ಪೊಲೀಸರು, ಅಗ್ನಿಶಾಮಕರಿಗೆ ಒಂದು ನ್ಯಾಯ, ಮಿಕ್ಕ ನೌಕರರಿಗೆ ಒಂದು ನ್ಯಾಯ ಮಾಡಿದ್ದಕ್ಕೆ ಒಪ್ಪುವ ಆಧಾರವಿಲ್ಲ ಎಂದು.

ಅಪ್ಪನಿಗೆ ಈಗ ಕಿವಿ ಮಂದ. ಎರಡು ಸಲ ಹೇಳಿದೆ.

"ಅವತ್ತೇ ಕೇಳಿದ್ನಲ್ಲ ನಾನು, ಪೊಲೀಸರನ್ನ ಯಾಕೆ ಬಿಟ್ರು ಅಂತ," ಅಂದರು. "ಇದನ್ನ ಕೇಳಕ್ಕೆ ಅವರಿಗೆ ಹದಿನಾಲ್ಕು ವರ್ಷ ಬೇಕಾಯ್ತಾ? ಹೋಗ್ಲಿ, ಹದಿನಾಲ್ಕು ಜನರ ವನವಾಸ ಮುಗೀತು ಅನ್ನು."

"ಇಲ್ಲಪ್ಪ, ಶಾಸನಸಭೆಯವರು ಆಗಲೇ ಮೇಲ್ಮನವಿ ಹಾಕಿದಾರೆ."

"ಹಾಗಾದ್ರೆ ಇನ್ನು ಅಜ್ಞಾತವಾಸ ಇದೆ," ಅಂದು ಫೋನನ್ನು ಅಮ್ಮನ ಕೈಗೆ ಕೊಟ್ಟರು.